ಐದನೆಯ ಹೊಲಿಗೆ

ನಮ್ಮ ಭಾವನ ಸಂಗೀತವನ್ನು ನೀವು ಕೇಳಿಯೇ ಇರುತ್ತೀರಿ, ಕೇಳಿದ್ದು ನಿಮಗೆ ನೆನಪಿರುವುದಿಲ್ಲ ಅಷ್ಟೆ. ಚರಂಡಿ ತೊಳೆಯುವವರ ಬದುಕು, ಜೇನುಹುಳುಗಳ ಕಾಯಿಲೆ, ಕುಸಿದ ಸೇತುವೆ, ಕಿವುಡು ಮಕ್ಕಳ ಶಾಲೆ ಎಂದು ಸಾಕ್ಷ್ಯಚಿತ್ರ ಮಾಡುತ್ತಾರಲ್ಲ, ಅವಕ್ಕೆ ಸಂಗೀತ ಕೂಡಿಸುವುದು ಅವರ ಕಸುಬು. ಪರದೆಯ ಮೇಲೆ ಯಾರೋ ಕಷ್ಟ ಹೇಳಿಕೊಳ್ಳುತ್ತಿರುತ್ತಾರೆ, ನಿಮ್ಮ ಗಂಟಲು ಕಟ್ಟುತ್ತದೆ, ಅವರ ಮಾತಿಗೇ ಕಟ್ಟಿತು ಎಂದುಕೊಳ್ಳುತ್ತೀರಿ. ಅದರಲ್ಲಿ ಅರ್ಧ ಪಾಲು ನಮ್ಮ ಭಾವನದು. "ಸಂಗೀತ ಚೆನ್ನಾಗಿತ್ತು ಅಂತ ಯಾರಾದ್ರೂ ಅಂದ್ರೆ ನಾನೆಲ್ಲೋ ಎಡವಿದೀನಿ ಅಂತ ಅರ್ಥ" ಎಂದು ಅವರು ಹೇಳುವುದುಂಟು. ಇಪ್ಪತ್ತೆರಡು ವರ್ಷದಲ್ಲಿ ಒಬ್ಬರೂ ಹಾಗೆಂದಿಲ್ಲ. ಆ ಲೆಕ್ಕದಲ್ಲಿ ಅವರು ಬಹಳ ದೊಡ್ಡ ಮನುಷ್ಯರು. ನಮ್ಮ ಅಕ್ಕ ಮಾತ್ರ ಇದನ್ನು ಒಪ್ಪುವುದಿಲ್ಲ.

ನಾನು ಆ ಅಕ್ಕನ ತಂಗಿ. ಸಂಕಲನ ನನ್ನ ಕೆಲಸ. ನೂರು ಗಂಟೆ ತೆಗೆದಿಟ್ಟದ್ದನ್ನು ಒಂದು ಗಂಟೆಗೆ ಇಳಿಸಿ ಕೊಡುತ್ತೇನೆ. ಅದಕ್ಕೇ ಭಾವ ನನ್ನನ್ನು ಕತ್ತರಿ ಎನ್ನುತ್ತಾರೆ. ಇಬ್ಬರೂ ಸೇರಿ ಹದಿನಾಲ್ಕು ಚಿತ್ರ ಮಾಡಿದ್ದೇವೆ, ಹದಿನಾಲ್ಕರಲ್ಲೂ ಕಿತ್ತಾಡಿದ್ದೇವೆ. ಕಿತ್ತಾಡುವುದು ಎಂದರೆ ನಾನು ಒದರುವುದು, ಅವರು ತಲೆ ಕೆರೆದುಕೊಳ್ಳುವುದು. ನನ್ನ ಬಾಯಿ ಜೋರು ಎಂದು ಎಲ್ಲರಿಗೂ ಗೊತ್ತಿದೆ, ನನಗೂ ಗೊತ್ತಿದೆ.

ಮೊದಲು ಅವರು ವಾದ್ಯ ರಿಪೇರಿ ಅಂಗಡಿಯೊಂದರಲ್ಲಿ ಶ್ರುತಿ ಮಾಡಿಕೊಡುತ್ತಿದ್ದರು. ಬೇರೆಯವರು ನುಡಿಸುವ ವಾದ್ಯಗಳನ್ನು ಹದಕ್ಕೆ ತಂದುಕೊಟ್ಟು ಸುಮ್ಮನಾಗುವ ಅಭ್ಯಾಸ ಅಲ್ಲೇ ಬಂದಿರಬೇಕು. ಈಗ ಮನೆಯ ಹಿಂದಿನ ಕೋಣೆಯೇ ಅವರ ಸ್ಟುಡಿಯೊ. ಸದ್ದು ಒಳಗೆ ಬಾರದಂತೆ ಗೋಡೆಗೆಲ್ಲ ಕಂಬಳಿ ಬಡಿದಿದ್ದಾರೆ, ಇದ್ದ ಒಂದೇ ಕಿಟಕಿಗೆ ಹಾಸಿಗೆ ನಿಲ್ಲಿಸಿ ಮುಚ್ಚಿದ್ದಾರೆ. ಒಂದು ಪಿಟೀಲು, ಒಂದು ಕೀಬೋರ್ಡು, ಎರಡು ಸ್ಪೀಕರು, ಕಾಲು ಅಲ್ಲಾಡುವ ಕುರ್ಚಿ. ಅಲ್ಲಿ ಕೂತರೆ ಹೊರಗೆ ಬಿಸಿಲೋ ಮೋಡವೋ ತಿಳಿಯದು.

ಅವರು ಕೆಲಸ ಶುರು ಮಾಡುವ ಬಗೆಯೇ ಬೇರೆ. ಎಲ್ಲಿ ಚಿತ್ರೀಕರಣ ನಡೆದರೂ, ಮಾತೆಲ್ಲ ಮುಗಿದ ಮೇಲೆ, ಧ್ವನಿ ಹಿಡಿಯುವವನು ಎಲ್ಲರನ್ನೂ ಸುಮ್ಮನಿರಿಸಿ ಮೂವತ್ತು ಸೆಕೆಂಡು ಆ ಕೋಣೆಯ ಸದ್ದನ್ನಷ್ಟೇ ಮುದ್ರಿಸಿಕೊಳ್ಳುತ್ತಾನೆ. ನಾವು ಅದನ್ನು ಖಾಲಿ ಎನ್ನುತ್ತೇವೆ. ಹೆಸರು ಖಾಲಿ, ಆದರೆ ಅದರೊಳಗೆ ಫ್ಯಾನು, ಗಡಿಯಾರ, ಪಕ್ಕದ ಮನೆಯ ನಲ್ಲಿ, ದೂರದ ರಸ್ತೆ ಎಲ್ಲವೂ ಇರುತ್ತವೆ. ಯಾರದೋ ಮಾತನ್ನು ನಾನು ನಡುವೆ ಕತ್ತರಿಸಿದಾಗ ಅಲ್ಲೊಂದು ತೂತು ಬೀಳುತ್ತದೆ. ಅದೇ ಕೋಣೆಯ ಖಾಲಿಯನ್ನು ಅಲ್ಲಿ ತೇಪೆ ಹಾಕಿದರೆ ಯಾರಿಗೂ ಗೊತ್ತಾಗುವುದಿಲ್ಲ. ಉಳಿದ ಸಂಗೀತಗಾರರಿಗೆ ಅದು ಬೇಕಿಲ್ಲ. ನಮ್ಮ ಭಾವ ಮೊದಲು ಕೇಳುವುದೇ ಅದನ್ನು. ಆ ಮೂವತ್ತು ಸೆಕೆಂಡನ್ನು ಒಂದಕ್ಕೊಂದು ಜೋಡಿಸಿ, ಸಣ್ಣ ದನಿಯಲ್ಲಿ ಇಡೀ ದಿನ ಓಡಲು ಬಿಟ್ಟು, ಅದರ ಶ್ರುತಿಗೆ ಪಿಟೀಲನ್ನು ಕೂಡಿಸಿಕೊಳ್ಳುತ್ತಾರೆ. "ಅವರ ಮನೆಯೊಳಗೆ ಹೋಗೋ ಮುಂಚೆ ಬಾಗಿಲು ತಟ್ಟಬೇಕಲ್ಲ ಕಣೇ, ಹಾಗೆ" ಎನ್ನುತ್ತಾರೆ.

ಈ ವಿಷಯದಲ್ಲಿ ಅವರದು ಎರಡು ಕಟ್ಟಳೆ. ಒಬ್ಬರ ಮನೆಯ ಖಾಲಿಯನ್ನು ಇನ್ನೊಬ್ಬರ ಮನೆಗೆ ಹಾಕಬಾರದು. ಚಿತ್ರ ಮುಗಿದ ದಿನ ತಮ್ಮ ಹತ್ತಿರ ಇರುವ ಖಾಲಿಯನ್ನು ಅಳಿಸಿಬಿಡಬೇಕು. ಎರಡನೆಯದು ಅವರ ಇಷ್ಟ. ಮೊದಲನೆಯದನ್ನು ಮಾತ್ರ ನಾನು ಅವರ ಬೆನ್ನ ಹಿಂದೆ ಎಷ್ಟು ಸಲ ಮುರಿದಿದ್ದೇನೋ ನನಗೇ ಲೆಕ್ಕವಿಲ್ಲ. ಒಂದು ಫ್ಯಾನಿಗೂ ಇನ್ನೊಂದು ಫ್ಯಾನಿಗೂ ಏನು ಮಹಾ ವ್ಯತ್ಯಾಸ ಎಂಬುದು ಆಗಿನ ನನ್ನ ವಾದ.

ಆ ವರ್ಷ ನಾವು ಕೈಗೆತ್ತಿಕೊಂಡದ್ದು ಅಂಗಿ ಕಾರ್ಖಾನೆಯ ಬೆಂಕಿಯ ಚಿತ್ರ. ಬೆಂಕಿ ಬಿದ್ದು ಹನ್ನೊಂದು ವರ್ಷವಾಗಿತ್ತು. ಹದಿನೇಳು ಜನ ಒಳಗೇ ಉಳಿದುಹೋಗಿದ್ದರು. ಅವರ ಮನೆಯವರನ್ನು ನಿರ್ದೇಶಕಿ ಒಬ್ಬೊಬ್ಬರಾಗಿ ಮಾತಾಡಿಸಿದ್ದಳು. ಅದರಲ್ಲಿ ಒಬ್ಬಾಕೆ ಮನೆಯಲ್ಲೇ ಕೂತು ಅಂಗಿಗಳಿಗೆ ಗುಂಡಿ ಹೊಲಿಯುವವಳು. ನನ್ನ ಕಡತಗಳಲ್ಲಿ ನಾನು ಆಕೆಗೆ ಗುಂಡಿಯಮ್ಮ ಎಂದು ಹೆಸರಿಟ್ಟಿದ್ದೆ. ಸತ್ತ ಮಗಳಿಗೆ ಹತ್ತೊಂಬತ್ತು ವರ್ಷ. ಚಿತ್ರದಲ್ಲಿ ಆಕೆ ಅತ್ತಿಲ್ಲ. ಕಿಟಕಿಯ ಪಕ್ಕ ಕೂತು ಇಷ್ಟೇ ಹೇಳಿದ್ದಳು: "ಅವಳದ್ದು ಎಲ್ಲಾ ನಿಧಾನ. ನನ್ನ ಜೊತೆ ಗುಂಡಿ ಹಾಕೋಕೆ ಕೂತ್ರೆ ದಿನಾ ಬೈಸ್ಕೊಳ್ಳೋಳು. ಕಾರ್ಖಾನೆಗೆ ಹೋದ್ರೆ ಚುರುಕಾಗ್ತಾಳೆ ಅಂತ ನಾನೇ ಸೇರಿಸ್ದೆ. ಮೂರನೇ ವಾರಕ್ಕೆ ಹಿಂಗಾಯ್ತು."

ಆ ಮಾತಿನ ಕೆಳಗೆ ಯಾವ ಸಂಗೀತ ಹಾಕುತ್ತೀರಿ ನೀವು? ಭಾವನಿಗೂ ತೋಚಲಿಲ್ಲ. ಮೂರು ವಾರ ಗುಂಡಿಯಮ್ಮನ ಮನೆಯ ಖಾಲಿಯನ್ನು ಓಡಿಸಿಕೊಂಡು ಕಂಬಳಿಗಳ ನಡುವೆ ಕೂತಿದ್ದರು. ನಿರ್ದೇಶಕಿ ದಿನಾ ನನ್ನ ಪ್ರಾಣ ತಿನ್ನುತ್ತಿದ್ದಳು. ಕಡೆಗೊಂದು ಮಧ್ಯಾಹ್ನ ಫೋನು ಬಂತು. "ಬಂತು ಕಣೇ ಕತ್ತರಿ! ನಾನು ಮಾಡಿದ್ದಲ್ಲ, ಯಾರೋ ಹಿಂದೆ ನಿಂತು ಹೇಳಿಕೊಟ್ಟ ಹಾಗೆ ಬಂತು." ಹೋಗಿ ಕೇಳಿದೆ. ಎಂಟೇ ಎಂಟು ಸ್ವರ, ಒಂದೊಂದೂ ಒಂದು ಸಣ್ಣ ಹೆಜ್ಜೆ, ಎಂಟಾದ ಮೇಲೆ ಮತ್ತೆ ಮೊದಲಿನಿಂದ. ಪಿಟೀಲಿನಲ್ಲಿ ಅದನ್ನು ಕೇಳಿ ನನ್ನಂಥ ಗಟ್ಟಿಗಿತ್ತಿಯ ಮೈಯೂ ಜುಮ್ಮೆಂದಿತು. ಒಂದು ವಾರದಲ್ಲಿ ಅಕ್ಕ ಪಾತ್ರೆ ತೊಳೆಯುವಾಗ ಅದನ್ನೇ ಗುನುಗತೊಡಗಿದಳು. ಚಿತ್ರದ ತುಣುಕು ಫೋನುಗಳಲ್ಲಿ ಹರಿದಾಡಿದ ಮೇಲೆ ಬೀದಿಯಲ್ಲಿ ಯಾರೋ ಸಿಳ್ಳೆಯಲ್ಲಿ ಅದನ್ನೇ ಹಾಕಿಕೊಂಡು ಹೋದರು. ಭಾವನಿಗೆ ಖುಷಿಯೂ ಆಯಿತು, ಜನ ಗುರುತಿಸಿಬಿಟ್ಟರಲ್ಲ ಎಂದು ದಿಗಿಲೂ ಆಯಿತು.

ಪೂರ್ತಿ ಚಿತ್ರವನ್ನು ಮೊದಲು ಸತ್ತವರ ಮನೆಯವರಿಗೇ ತೋರಿಸಬೇಕೆಂದು ನಿರ್ದೇಶಕಿಯ ಹಟ. ಭಾನುವಾರ ಬೆಳಿಗ್ಗೆ ಒಂದು ಶಾಲೆಯ ಸಭಾಂಗಣದಲ್ಲಿ ಮಡಚುವ ಕುರ್ಚಿ ಹಾಕಿ ತೋರಿಸಿದೆವು. ಮುಗಿದ ಮೇಲೆ ಯಾರೂ ಚಪ್ಪಾಳೆ ತಟ್ಟಲಿಲ್ಲ, ತಟ್ಟುವಂಥದ್ದೂ ಅಲ್ಲ. ಗುಂಡಿಯಮ್ಮ ಎರಡನೆಯ ಸಾಲಿನಿಂದ ಎದ್ದಳು.

"ಈ ಸಂಗೀತ ಮಾಡಿದೋರು ಯಾರು?"

ಭಾವ ಎದ್ದು ನಿಂತರು. ಇಪ್ಪತ್ತೆರಡು ವರ್ಷದ ಮೇಲೆ ಮೊದಲನೆಯ ಹೊಗಳಿಕೆ ಬರಲಿದೆ ಎಂದುಕೊಂಡು ಮುಖವನ್ನು ಆಗಲೇ ವಿನಯಕ್ಕೆ ಸಿದ್ಧ ಮಾಡಿಕೊಂಡಿದ್ದರು ಪಾಪ.

"ಇದನ್ನ ನಿಮಗೆ ಯಾರು ಕೊಟ್ರು?"

"ಯಾರೂ ಕೊಟ್ಟಿಲ್ಲಮ್ಮ. ತಾನಾಗೇ ಬಂತು."

"ತಾನಾಗೇ ಹೆಂಗೆ ಬರುತ್ತೆ? ಇದು ನಂದು, ನನ್ನ ಮಗಳದ್ದು. ಒಂದು ಗುಂಡಿಗೆ ಸೂಜಿ ಎಂಟು ಸಲ ದಾಟಬೇಕು. ಲೆಕ್ಕ ತಪ್ಪಬಾರದು ಅಂತ ನಾವಿಬ್ರೇ ಕೂತು ಮಾಡ್ಕೊಂಡಿದ್ದು. ಅವಳು ಹೋದ ಮೇಲೆ ಒಬ್ಬರ ಮುಂದೇನೂ ನಾನಿದನ್ನ ಬಾಯಿಗೆ ತಂದಿಲ್ಲ." ಆಕೆಯ ದನಿ ಏರಿರಲಿಲ್ಲ. "ಅದಿರಲಿ, ಐದನೇದನ್ನ ಯಾಕೆ ತಿದ್ದಿದ್ರಿ?"

ಭಾವ ತಲೆ ಕೆರೆದುಕೊಂಡರು. ಆಕೆಯೇ ಬಿಡಿಸಿ ಹೇಳಿದಳು. ಮಗಳು ಐದನೆಯ ಹೊಲಿಗೆಗೆ ಬಂದರೆ ಸಾಕು, ತಲೆ ಎತ್ತಿ ಕಿಟಕಿಯಾಚೆ ನೋಡುತ್ತಿದ್ದಳಂತೆ. ಪ್ರತಿ ಗುಂಡಿಗೂ. ಹಾಗಾಗಿ ಅವಳ ಐದು ಯಾವಾಗಲೂ ಉದ್ದ. ಆಕೆ ಬೈದು ಬೈದು ಸೋತಿದ್ದಳು. ಮಗಳು ಹೋದ ಮೇಲೆ ಆಕೆಯ ಕೈಯೇ ತಾನಾಗಿ ಐದರ ಹತ್ತಿರ ತಡೆಯತೊಡಗಿತು. ದಿನಕ್ಕೆ ಇನ್ನೂರು ಗುಂಡಿ, ಇನ್ನೂರು ಸಲ ಮಗಳು ತಲೆ ಎತ್ತುತ್ತಿದ್ದಳು. "ನಿಮ್ಮದರಲ್ಲಿ ಅವಳೇ ಇಲ್ಲ" ಎಂದು ಹೇಳಿ ಗುಂಡಿಯಮ್ಮ ಚೀಲ ಎತ್ತಿಕೊಂಡು ಹೊರಟಳು.

ಮೂರು ದಿನ ಭಾವ ಊಟವನ್ನು ತಟ್ಟೆಯಲ್ಲೇ ಬಿಟ್ಟರು. ನಾಲ್ಕನೆಯ ದಿನ ನನ್ನನ್ನು ಎಳೆದುಕೊಂಡು ಗುಂಡಿಯಮ್ಮನ ಮನೆಗೆ ಹೋದರು. ಮೂರನೆಯ ಮಹಡಿಯ ಒಂಟಿ ಕೋಣೆ. ಅಂಗಿಗಳ ಗಂಟು, ಗುಂಡಿ ತುಂಬಿದ ತಗಡಿನ ಡಬ್ಬಿ, ಕಿಟಕಿಯ ಬಳಿ ಎದುರುಬದುರು ಎರಡು ಮಣೆ. ಒಂದರ ಮೇಲೆ ಆಕೆ ಕೂತಿದ್ದಳು, ಇನ್ನೊಂದರ ಮೇಲೆ ನಮ್ಮನ್ನು ಕೂರಿಸಲಿಲ್ಲ. ನಾವು ಕ್ಷಮೆ ಕೇಳುವ ಮೊದಲೇ ಆಕೆ ಕೈಯಲ್ಲಿದ್ದ ಅಂಗಿಯನ್ನು ಮಡಿಲಿಗೆ ಹಾಕಿಕೊಂಡಳು.

"ಈಗ ಬರ್ತಿಲ್ಲ ಸ್ವಾಮಿ. ಸೂಜಿ ಹಿಡಿದ್ರೆ ನಿಮ್ಮ ಪಿಟೀಲೇ ಕೇಳುತ್ತೆ. ನಾಲ್ಕು, ಐದು, ಆರು ಅಂತ ಸರಾಗ ಓಡಿಹೋಗುತ್ತೆ. ಮೊದಲು ಕೈ ತಾನಾಗೇ ನಿಲ್ತಿತ್ತು. ಈಗ ಬೇಕಂತ ಎಳೀಬೇಕು, ಎಷ್ಟು ಎಳೀಬೇಕು ಅನ್ನೋದೂ ತಪ್ಪಿಹೋಗಿದೆ. ಎಣಿಸಿ ಎಳೆದ್ರೆ ಅದು ಅವಳಲ್ಲ."

ಭಾವ ಆಕೆಯ ಕೈಯನ್ನೇ ನೋಡುತ್ತಿದ್ದರು.

"ಅಮ್ಮ, ಚಿತ್ರ ತೆಗೆದ ದಿನ, ಕೊನೇಲಿ ಎಲ್ಲರೂ ಸುಮ್ನಿರಿ ಅಂದಿದ್ರಲ್ಲ. ಆಗ ನೀವೇನ್ ಮಾಡ್ತಿದ್ರಿ?"

"ಸುಮ್ನೇ ಕೂತಿದ್ದೆ." ಆಕೆ ಸ್ವಲ್ಪ ಯೋಚಿಸಿದಳು. "ಕೈಯಲ್ಲಿ ಅಂಗಿ ಇತ್ತು."

ಅಷ್ಟೇ ಸಾಕಾಯಿತು. ಬಾಯಿ ಮುಚ್ಚಿಕೊಂಡೇ ಗುನುಗಿದ್ದಾಳೆ, ತಾನು ಗುನುಗುತ್ತಿದ್ದೇನೆಂದು ಆಕೆಗೂ ಗೊತ್ತಿಲ್ಲ. ಫ್ಯಾನಿನ ಸದ್ದಿನ ಕೆಳಗೆ ಅದು ಧ್ವನಿ ಹಿಡಿಯುವವನ ಕಿವಿಗೂ ಬಿದ್ದಿಲ್ಲ, ನಾನು ಫ್ಯಾನಿನ ಕಿರುಗುಟ್ಟು ಎಂದುಕೊಂಡಿದ್ದೆ. ಭಾವನ ಕಿವಿಯೊಳಗೆ ಮಾತ್ರ ಅದು ಮೂರು ವಾರ ಹನಿ ಹನಿಯಾಗಿ ಇಳಿದಿತ್ತು. ಮೆಟ್ಟಿಲಿಳಿಯುವಾಗ ಅವರು ಗೋಡೆ ಹಿಡಿದುಕೊಂಡು ಕೇಳಿದರು.

"ಆ ಖಾಲಿ ನಿನ್ನ ಹತ್ರ ಇದೆ ತಾನೇ? ನಾನು ಅಳಿಸಿಬಿಟ್ಟಿದೀನಿ."

ಕೇಳುತ್ತಾರೆಂದು ಗೊತ್ತಿತ್ತು. ಚಿತ್ರವನ್ನು ಒಪ್ಪಿಸಿದ ಮರುದಿನವೇ ತೆಗೆದದ್ದನ್ನೆಲ್ಲ ಒರೆಸಿ, ಡಿಸ್ಕುಗಳನ್ನು ಬೇರೆ ಕೆಲಸಕ್ಕೆ ಹಚ್ಚಿದ್ದೆ. ಎಲ್ಲರೂ ಹಾಗೇ ಮಾಡುತ್ತಾರೆ, ಜಾಗ ಸಾಲುವುದಿಲ್ಲ. ಸಿದ್ಧವಾದ ಚಿತ್ರದಲ್ಲಿ ಆ ಖಾಲಿ ಇತ್ತು ನಿಜ, ಪಿಟೀಲಿನ ಪಟ್ಟಿ ಬೇರೆಯೇ ಇತ್ತು, ಆದರೆ ಖಾಲಿ ಮಾತಿನ ಜೊತೆ ಕಲಸಿಹೋಗಿತ್ತು. ನಾದಿದ ಹಿಟ್ಟಿನಿಂದ ಉಪ್ಪನ್ನು ಹೆಕ್ಕುವುದು ಹೇಗೆ?

"ಒರೆಸಿಬಿಟ್ಟೆ ಭಾವ" ಎಂದೆ. ಅವರು ಬೈದಿದ್ದರೆ ಚೆನ್ನಾಗಿತ್ತು.

ಆಮೇಲಿನ ಎರಡು ತಿಂಗಳು ಅಕ್ಕನ ಮನೆಯಲ್ಲಿ ಒಬ್ಬರು ಹೆಚ್ಚಿಗೆ ಇದ್ದರು, ಬೇರೆ ಹೇಗೆ ಹೇಳಬೇಕೋ ನನಗೆ ತಿಳಿಯದು. ಭಾವ ಬಂದ ಕೆಲಸವನ್ನೆಲ್ಲ ವಾಪಸ್ ಕಳಿಸಿದರು. ನಲ್ಲಿ ತೊಟ್ಟಿಕ್ಕಿದರೆ ಎಂಟು, ಅಕ್ಕ ಮೆಟ್ಟಿಲು ಹತ್ತಿದರೆ ಎಂಟು, ಫ್ರಿಜ್ಜು ನಡುಗಿ ನಿಂತರೂ ಅವರ ಲೆಕ್ಕಕ್ಕೆ ಎಂಟು. ಅಕ್ಕ ಗುನುಗುವುದನ್ನು ಬಿಡಲು ನೋಡಿದಳು, ಆಗಲಿಲ್ಲ, ಬಾಯಿ ಮುಚ್ಚಿದರೆ ಕೈ ತಾಳ ಹಾಕುತ್ತಿತ್ತು. ನನಗೂ ಅದೇ ಗತಿ. ನಾವು ಯಾರೂ ನೋಡದ ಹುಡುಗಿಯೊಬ್ಬಳು ನಮ್ಮ ಮೂವರ ನಾಲಗೆಯ ಮೇಲೂ ಕೂತಿದ್ದಳು, ಆದರೆ ಅವಳ ಐದು ಮಾತ್ರ ಯಾರ ಹತ್ತಿರವೂ ಇರಲಿಲ್ಲ. ಒಂದು ಮಧ್ಯಾಹ್ನ ಚಹಾ ಕೊಡಲು ಹೋದರೆ, ಭಾವ ಸ್ಪೀಕರುಗಳನ್ನು ಆರಿಸಿ, ಹಾಸಿಗೆ ಮುಚ್ಚಿದ್ದ ಕಿಟಕಿಯ ಕಡೆ ಮುಖ ಮಾಡಿ ಕೂತಿದ್ದರು.

"ಐದು ಬಂದಾಗಲೆಲ್ಲ ನನ್ನ ಹಿಂದೆ ಯಾರೋ ತಲೆ ಎತ್ತಿದ ಹಾಗಾಗುತ್ತೆ ಕಣೇ. ನೋಡೋಕೆ ಇಲ್ಲಿ ಕಿಟಕಿನೂ ಇಲ್ಲ."

ನನಗೆ ಹೆದರಿಕೆಯಾಯಿತು. ಹೆದರಿಕೆಯಾದರೆ ನನಗೆ ಸಿಟ್ಟು ಬರುತ್ತದೆ. "ಎದ್ದು ಮೊದಲು ಸ್ನಾನ ಮಾಡಿ" ಎಂದು ರೇಗಿ ಬಂದೆ.

ಅವರು ಸುಮ್ಮನೆ ಕೂತಿರಲಿಲ್ಲ. ಐದನೆಯ ಸ್ವರವನ್ನು ಒಂದಿಷ್ಟು ಎಳೆದು ಒಮ್ಮೆ, ಇನ್ನಷ್ಟು ಎಳೆದು ಒಮ್ಮೆ, ನಡುಗಿಸಿ ಒಮ್ಮೆ, ಹೀಗೆ ಮಾಡಿ ಮಾಡಿ ಗುಂಡಿಯಮ್ಮನ ಬಳಿ ಒಯ್ಯುತ್ತಿದ್ದರು. ಆಕೆ ಸೂಜಿ ಹಿಡಿದು ಕೇಳುತ್ತಿದ್ದಳು, ಕೇಳಿ ತಲೆ ಅಲ್ಲಾಡಿಸುತ್ತಿದ್ದಳು. ಹನ್ನೊಂದು ಸಲ ಹೋದರು. ಹನ್ನೊಂದನೆಯ ಸಲ ಆಕೆ, "ಬಿಟ್ಟುಬಿಡಿ. ನೀವು ಎಳೆದಷ್ಟೂ ಅವಳು ದೂರ ಹೋಗ್ತಾಳೆ" ಅಂದಳಂತೆ.

ಅಷ್ಟರಲ್ಲಿ ನಾನು ಬೇರೊಂದು ಚಿತ್ರದಲ್ಲಿ ಮುಳುಗಿದ್ದೆ. ಹಲ್ಲಿನ ಡಾಕ್ಟರೊಬ್ಬರ ಮೇಲಿನ ಚಿತ್ರ, ಒಂದೂವರೆ ವರ್ಷದಿಂದ ಮುಗಿಯದೆ ಕುಂಟುತ್ತಿತ್ತು. ಡಾಕ್ಟರು ಅದರಲ್ಲಿ ಹಲ್ಲುಸೆಟ್ಟಿನ ಚರಿತ್ರೆಯನ್ನು ಹದಿನಾರು ನಿಮಿಷ ಹೇಳುತ್ತಾರೆ. ಅದನ್ನು ಹತ್ತಕ್ಕೆ ಇಳಿಸು ಎಂದರು ಚಿತ್ರದವರು. ಮಾತನ್ನು ಎತ್ತಿ ಪಕ್ಕಕ್ಕಿಟ್ಟೆ, ಕೆಳಗಿನ ತೇಪೆಯೊಂದೇ ಓಡುತ್ತಿತ್ತು. ಫ್ಯಾನು ತಿರುಗುತ್ತಿತ್ತು. ಚಹಾದ ಲೋಟ ತುಟಿಗೆ ಹೋದದ್ದು ಅಲ್ಲೇ ನಿಂತಿತು.

ಆ ಕಿರುಗುಟ್ಟು ನನಗೆ ಗೊತ್ತಿತ್ತು. ಡಾಕ್ಟರ ಕೋಣೆಯ ಖಾಲಿಯನ್ನು ಆ ತಂಡ ಹಿಡಿಯಲು ಮರೆತಿತ್ತು. ಆಗ ನನ್ನ ಮೇಜಿನ ಮೇಲೆ ಗುಂಡಿಯಮ್ಮನ ಮನೆ ಇತ್ತು. ಅದೇ ಬಗೆಯ ಹಳೇ ಫ್ಯಾನು. ಎತ್ತಿ ಹಾಕಿ, ಭಾವನ ಕಣ್ಣಿಗೆ ಬೀಳದಿರಲಿ ಎಂದು 'ದಂತ ನಾಲ್ಕು' ಎಂದು ಹೆಸರು ಬದಲಿಸಿ, ಮರೆತೇಬಿಟ್ಟಿದ್ದೆ. ಕಳ್ಳರಿಗೂ ಕದ್ದದ್ದು ನೆನಪಿರುತ್ತದೆ, ನನಗೆ ಅದೂ ಇರಲಿಲ್ಲ.

ದನಿಯನ್ನು ಪೂರ್ತಿ ಏರಿಸಿದೆ. ಫ್ಯಾನಿನ ಆಳದಲ್ಲಿ, ಮುಚ್ಚಿದ ಬಾಯೊಳಗೆ, ಒಂದು ಮುದಿ ಗಂಟಲು. ಒಂದು, ಎರಡು, ಮೂರು, ನಾಲ್ಕು, ಐದು. ಆಮೇಲೆ ಏನೂ ಇಲ್ಲ. ಯಾವ ಎಳೆತವೂ ಇಲ್ಲ. ಬರೀ ಫ್ಯಾನು. ಆಮೇಲೆ ಆರು, ಏಳು, ಎಂಟು. ಮತ್ತೆ ಕೇಳಿದೆ. ಐದರ ಮೇಲೆ ಗುನುಗು ಪೂರ್ತಿ ನಿಂತುಬಿಡುತ್ತಿತ್ತು. ನನ್ನ ತೋಳಿನ ರೋಮ ಎದ್ದು ನಿಂತವು. ಹಾಡುಹಗಲಲ್ಲಿ, ದೀಪ ಉರಿಯುವ ಕೋಣೆಯಲ್ಲಿ, ನಾನು ತಿರುಗಿ ನನ್ನ ಹಿಂದೆ ನೋಡಿದೆ.

ಭಾವನ ಮುಂದೆ ಎಲ್ಲ ಒಪ್ಪಿಕೊಂಡೆ. ಒಬ್ಬರ ಮನೆಯ ಖಾಲಿಯನ್ನು ಇನ್ನೊಬ್ಬರ ಮನೆಗೆ ಹಾಕಿದ್ದು, ಹೆಸರು ಬದಲಿಸಿದ್ದು, ಇದೇ ಮೊದಲಲ್ಲ ಎಂಬುದು ಕೂಡ. ಅವರು ಹೆಡ್‌ಫೋನ್ ಹಾಕಿಕೊಂಡು ಕಣ್ಣು ಮುಚ್ಚಿದರು. ಮೂವತ್ತು ಸೆಕೆಂಡು ಮುಗಿದ ಮೇಲೂ ತೆರೆಯಲಿಲ್ಲ.

"ಹನ್ನೊಂದು ಸಲ ಎಳೆದೆ ಕಣೇ" ಎಂದರು. "ಸುಮ್ನಿರಬೇಕಿತ್ತು. ಅದೇ ನನ್ನ ಕೆಲಸ, ಅದೊಂದು ಹೊಳೀಲಿಲ್ಲ." ಅವರು ಅಳುವುದನ್ನು ನಾನು ನೋಡಿದ್ದು ಅದೊಂದೇ ಸಲ.

ಮಾರನೆಯ ದಿನ ಗುಂಡಿಯಮ್ಮ ಬಾಗಿಲಲ್ಲೇ ಅಡ್ಡ ನಿಂತಳು. "ಮತ್ತೆ ಪಿಟೀಲು ತಂದಿದ್ರೆ ಹೊರಟುಹೋಗಿ."

"ಇಲ್ಲಮ್ಮ, ಇದು ನೀವೇ" ಎಂದರು ಭಾವ.

ಆಕೆ ಮಣೆಯ ಮೇಲೆ ಕೂತಳು. ಭಾವ ಹೆಡ್‌ಫೋನನ್ನು ಆಕೆಯ ತಲೆಗೆ ತಾವೇ ಮೆಲ್ಲಗೆ ಹಾಕಿದರು. ನಮಗೆ ಏನೂ ಕೇಳುತ್ತಿರಲಿಲ್ಲ, ಆಕೆಯ ಬೆರಳನ್ನಷ್ಟೇ ನೋಡುತ್ತಿದ್ದೆವು. ಮಡಿಲಿನ ಮೇಲೆ ಹೆಬ್ಬೆರಳು ತೋರುಬೆರಳು ಸೂಜಿ ಹಿಡಿದಂತೆ ಕೂಡಿಕೊಂಡವು, ಏರಿದವು, ಇಳಿದವು. ಐದನೆಯ ಸಲ ಕೈ ನಿಂತಿತು. ಆಕೆ ಮುಖ ಎತ್ತಿದಳು. ನಾನು ಆಕೆ ಕಿಟಕಿ ನೋಡುತ್ತಾಳೆ ಎಂದುಕೊಂಡಿದ್ದೆ. ನೋಡಿದ್ದು ಎದುರಿನ ಖಾಲಿ ಮಣೆಯನ್ನು.

ಮೂರು ಸಲ ಕೇಳಿ ಹೆಡ್‌ಫೋನ್ ತೆಗೆದು ಮಡಿಲಲ್ಲಿಟ್ಟುಕೊಂಡಳು.

"ಇಲ್ಲಿ ಯಾರೂ ಎಳೀತಿಲ್ಲ" ಎಂದಳು. "ನಾನು ನಿಲ್ತಿದೀನಿ."

"ಹೌದಮ್ಮ."

"ಅವಳು ಕಿಟಕಿ ನೋಡಿ ಬರೋ ತನಕ ನಾನು ಆರು ಅಂತಿರ್ಲಿಲ್ಲ." ಆಕೆ ಹೆಡ್‌ಫೋನಿನ ವೈರನ್ನು ದಾರದ ಹಾಗೆ ಬೆರಳಿಗೆ ಸುತ್ತಿ ಬಿಡಿಸಿದಳು. "ಹನ್ನೊಂದು ವರ್ಷದಿಂದ ಇದೇ ಅಂದ್ಕೊಂಡಿದೀನಿ, ನಾನು ಬರೀ ಬೈತಿದ್ದೆ, ಬೈದೇ ಕಳಿಸ್ದೆ ಅಂತ. ಬೈತಾನೂ ಇದ್ದೆ. ಆದ್ರೆ ನೋಡಿ, ಕಾಯ್ತಿದ್ದೆ."

ಆಮೇಲೆ ಆಕೆ ಅತ್ತಳು. ಚಿತ್ರದಲ್ಲಿ ಅಳದವಳು ಕ್ಯಾಮೆರಾ ಇಲ್ಲದ ಕೋಣೆಯಲ್ಲಿ ಸೆರಗಿನಲ್ಲಿ ಮುಖ ಮುಚ್ಚಿಕೊಂಡು ಅತ್ತಳು. ನಾನು ನೀರು ತಂದುಕೊಟ್ಟೆ. ಭಾವ ಚಿತ್ರದಿಂದ ಆ ಸಂಗೀತವನ್ನು ಪೂರ್ತಿ ತೆಗೆದುಬಿಡುತ್ತೇನೆ ಎಂದಾಗ ಆಕೆ ಮೂಗು ಒರೆಸಿಕೊಂಡು ಬೇಡವೆಂದಳು. "ಇರಲಿ. ಅಲ್ಲಿ ನಿಲ್ಲಿಸಿ ಅಷ್ಟೆ."

ಆ ಖಾಲಿ ಈಗ ಆಕೆಯ ಹತ್ತಿರವೇ ಇದೆ, ಒಂದು ಹಳೇ ಫೋನಿನಲ್ಲಿ. ನಮ್ಮ ಬಳಿ ಇದ್ದದ್ದನ್ನು ಆಕೆಯ ಎದುರೇ ಅಳಿಸಿದೆವು. ಹಲ್ಲಿನ ಡಾಕ್ಟರ ಕೋಣೆಗೆ ನಾನೇ ಹೋಗಿ, ಅವರನ್ನು ಮೂವತ್ತು ಸೆಕೆಂಡು ಬಾಯಿ ಮುಚ್ಚಿಸಿ ಕೂರಿಸಿ, ಅವರದೇ ಖಾಲಿ ಹಿಡಿದುಕೊಂಡು ಬಂದೆ. ಬೆಂಕಿಯ ಚಿತ್ರದಲ್ಲಿ ಈಗ ಪಿಟೀಲು ಐದರ ಮೇಲೆ ನಿಲ್ಲುತ್ತದೆ. ಟಿ.ವಿ.ಯವರು ಸದ್ದು ಹಾರಿಹೋಗಿದೆ, ಸರಿಪಡಿಸಿ ಎಂದು ಎರಡು ಸಲ ವಾಪಸ್ ಕಳಿಸಿದರು. ಸರಿಯಾಗಿಯೇ ಇದೆ ಎಂದು ಭಾವ ಎರಡು ಸಲವೂ ಬರೆದರು. ಅವರು ಮತ್ತೆ ಕೆಲಸ ಹಿಡಿದಿದ್ದಾರೆ. ಕಿಟಕಿಗೆ ಒರಗಿಸಿದ್ದ ಹಾಸಿಗೆಯನ್ನು ತೆಗೆದುಹಾಕಿದ್ದಾರೆ, ರಸ್ತೆಯ ಸದ್ದೆಲ್ಲ ಒಳಗೆ ಬರುತ್ತದೆ, ಕೇಳಿದರೆ ಬರಲಿ ಬಿಡು ಎನ್ನುತ್ತಾರೆ.

ಅಕ್ಕ ಈಗಲೂ ಪಾತ್ರೆ ತೊಳೆಯುತ್ತ ಗುನುಗುತ್ತಾಳೆ. ಐದಕ್ಕೆ ಬಂದಾಗ ತಟ್ಟೆಯನ್ನು ನಲ್ಲಿಯ ಕೆಳಗೆ ಹಿಡಿದುಕೊಂಡು ಹಾಗೇ ನಿಲ್ಲುತ್ತಾಳೆ. ಹಿಂದಿನ ಕೋಣೆಯಲ್ಲಿ ಭಾವನ ಕೈ ನಿಲ್ಲುತ್ತದೆ, ಬಾಗಿಲಲ್ಲಿ ಚಪ್ಪಲಿ ಮೆಟ್ಟುತ್ತಿದ್ದ ನಾನೂ ನಿಲ್ಲುತ್ತೇನೆ. ನಾವು ಮೂವರೂ ಇದ್ದಲ್ಲಿಂದಲೇ ಹತ್ತಿರದ ಕಿಟಕಿಯತ್ತ ನೋಡುತ್ತೇವೆ. ಆಮೇಲೆ ಅಕ್ಕ ಆರಕ್ಕೆ ಹೋಗುತ್ತಾಳೆ.